ಹೊತ್ತುಗೇಡಿ ಕಮರಿಯನ್ನು ಚೆನ್ನೆಮಣೆಯಲ್ಲಿ ಆಡಿಸಿದ್ದು

ರೋಲ್‌ಪ್ಲೇ ಆಟ ಅಂದರೆ ಒಬ್ಬರು ಕತೆ ನಡೆಸುವುದು, ಉಳಿದವರು ಒಂದೊಂದು ಪಾತ್ರವಾಗಿ ಡೈಸ್ ಹಾಕಿ ಆಡುವುದು. ಅದರಲ್ಲಿ ಕಾಲದ ತಂಟೆಗೆ ಹೋಗಬೇಡ ಅಂತ ನನಗೆ ಹೇಳದವರಿಲ್ಲ. ಬೆಂಗಳೂರಿನಲ್ಲಿ ಬಹಳ ವರ್ಷದಿಂದ ಗೇಮ್ ನಡೆಸುವ ಸೀನಿಯರ್ ಒಬ್ಬರು ಫೋನಿನಲ್ಲೇ ನಕ್ಕರು. "ಡ್ರ್ಯಾಗನ್ ತಾ, ಭೂತ ತಾ, ಟೈಮ್ ಮಾತ್ರ ಮುಟ್ಟಬೇಡ. ಲೆಕ್ಕ ಇಡುವುದು ನೀನು, ಆಕಳಿಸುವುದು ಅವರು" ಅಂದರು. ಈಗ ಅವರೇ "ಆ ಕಮರಿಯ ರೂಲ್ಸ್ ಸ್ವಲ್ಪ ಕಳಿಸು ಮಾರಾಯ" ಅಂತ ಮೆಸೇಜ್ ಹಾಕುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ. ಪೂರ್ತಿ ಬರೆಯುವುದಿಲ್ಲ. ನನ್ನ ಆಟಗಾರರೂ ಓದುತ್ತಾರಲ್ಲ.

ಕಮರಿಯ ಕತೆ ಚಿಕ್ಕದು. ಒಂದು ಒಣ ಬಯಲು, ನಡುವೆ ಕಡಿದಾದ ಕಮರಿ, ಏಳು ಹಂತ ಆಳ. ಇಳಿದಷ್ಟೂ ಹೊತ್ತು ನಿಧಾನ. ತಳದಲ್ಲಿ ಹತ್ತು ನಿಮಿಷ ಕೂತು ಎದ್ದರೆ ಮೇಲೆ ಊರಿನಲ್ಲಿ ವರ್ಷ ದಾಟಿರುತ್ತದೆ. ಒಳಗಿರುವವನಿಗೆ ಏನೂ ಗೊತ್ತಾಗುವುದಿಲ್ಲ, ಅದೇ ಅಪಾಯ. ಊರಿನ ಲೆಕ್ಕದಲ್ಲಿ 40 ವರ್ಷದ ಹಿಂದೆ ಬಿದ್ದ ಒಬ್ಬ ಹುಡುಗ ಐದನೇ ಹಂತದಲ್ಲಿ ಇನ್ನೂ ಅಳುತ್ತಾ ಕೂತಿದ್ದಾನೆ. ಅವನ ಪಾಲಿಗೆ ಒಂದು ಹಗಲು ಕಳೆದಿದೆ ಅಷ್ಟೆ. ಅವನ ತಮ್ಮ ಈಗ ಊರಿನ ಮುದುಕ. "ನನ್ನ ಅಣ್ಣನನ್ನು ಎತ್ತಿ ತನ್ನಿ" ಅಂತ ಆಟಗಾರರ ಕಾಲು ಹಿಡಿಯುತ್ತಾನೆ. ಕಮರಿಗೆ ನಾನು ಇಟ್ಟ ಗಂಭೀರ ಹೆಸರು ಬೇರೆ ಇತ್ತು. ಬ್ಯಾಂಕಿನಲ್ಲಿ ಕೆಲಸ ಮಾಡುವ ಗೆಳತಿ ಮೊದಲ ರಾತ್ರಿಯೇ "ಹೊತ್ತುಗೇಡಿ" ಅಂದಳು, ಅದೇ ಉಳಿಯಿತು.

ನಮ್ಮ ಟೇಬಲ್ ಮಂಗಳೂರಿನ ಬಿಜೈಯಲ್ಲಿ, ನಮ್ಮ ಮನೆಯ ಚಾವಡಿಯಲ್ಲಿ. ಆಡುವವರು ಐದು ಜನ. ಬ್ಯಾಂಕಿನವಳು, ಕಾವೂರಿನ ಅಕ್ಕ-ತಂಗಿ, ಸುರತ್ಕಲ್‌ನ ಒಬ್ಬ ಹುಡುಗ, ಮಣಿಪಾಲದಲ್ಲಿ ಫಿಸಿಕ್ಸ್ ಪಾಠ ಮಾಡುವ ಸರ್. ಆಟ ಕನ್ನಡದಲ್ಲಿ, ಜಗಳ ತುಳುವಿನಲ್ಲಿ. ಸರ್‌ಗೆ ಉಡುಪಿ ಕಡೆಯ ಕೊನೆಯ ಬಸ್ಸು ಹಿಡಿಯಬೇಕಾದ್ದರಿಂದ ನಮ್ಮದು ಯಾವಾಗಲೂ ಕಾಲಮಿತಿ ಪ್ರಯೋಗ. ಬೆಳಗಿನ ತನಕ ಎಳೆಯುವ ಭಾಗ್ಯ ಇಲ್ಲ. ಇದನ್ನು ಯಾಕೆ ಹೇಳುತ್ತೇನೆಂದರೆ, ಮೂರು ಗಂಟೆಯಲ್ಲಿ ಮುಗಿಯದ ನಿಯಮ ನಮ್ಮಲ್ಲಿ ನಡೆಯುವುದೇ ಇಲ್ಲ.

ಮೊದಲು ಎಲ್ಲರೂ ಮಾಡುವುದನ್ನೇ ಮಾಡಿ ನೋಡಿದೆ, ಬಾಯಲ್ಲಿ ಹೇಳುವುದು. ಇಲ್ಲಿ ಒಂದು ಗಳಿಗೆ, ಮೇಲೆ ಒಂದು ಮಳೆಗಾಲ, ಇತ್ಯಾದಿ. ಎಲ್ಲರೂ "ಓ" ಅಂದರು, ಡೈಸ್ ಎತ್ತಿಕೊಂಡರು. ಸುರತ್ಕಲ್ ಹುಡುಗ ನಾಲ್ಕನೇ ಹಂತದಲ್ಲಿ ಆರಾಮವಾಗಿ ಕೂತು ಕತ್ತಿ ಮಸೆದ. ಮೇಲೆ ಎರಡು ಬೇಸಗೆ ಕಳೆಯಿತು, ನಿಮ್ಮನ್ನು ಕಾಯುತ್ತಿದ್ದ ಎತ್ತುಗಳು ಸತ್ತವು ಅಂದೆ. "ಸರಿ, ಕತ್ತಿಗೆ ಎಷ್ಟು ಪ್ಲಸ್ ಆಯ್ತು?" ಅಂತ ಕೇಳಿದ, ಅಂದರೆ ಇನ್ನು ಡೈಸ್‌ಗೆ ಎಷ್ಟು ಕೂಡಿಸಬಹುದು ಅಂತ. ಅವನ ತಪ್ಪಲ್ಲ. ಕೇಳಿದ ಸುದ್ದಿ ಕೈಯಲ್ಲಿ ಕೂರುವುದಿಲ್ಲ, ಪ್ಲಸ್ ಒಂದು ಕೂರುತ್ತದೆ.

ಆಮೇಲೆ ಲ್ಯಾಪ್‌ಟಾಪ್‌ನಲ್ಲಿ ಎಕ್ಸೆಲ್. ಯಾರು ಯಾವ ಹಂತದಲ್ಲಿ ಎಷ್ಟು ಹೊತ್ತು ಇದ್ದರು ಅಂತ ಹಾಕಿದರೆ ಮೇಲಿನ ತಾರೀಕು ತಾನೇ ಬರುತ್ತಿತ್ತು. ಶೀಟ್ ಚೆನ್ನಾಗಿತ್ತು, ಈಗಲೂ ಇಟ್ಟುಕೊಂಡಿದ್ದೇನೆ. ಆದರೆ ಪ್ರತಿ ಸರದಿಗೂ ನಾನು ಟೈಪ್ ಮಾಡುವುದು, ಅವರು ಮೊಬೈಲ್ ತೆಗೆಯುವುದು. ಸೀನಿಯರ್ ಹೇಳಿದ್ದ ಆಕಳಿಕೆ ಅಕ್ಷರಶಃ ಬಂತು.

ಮೂರನೆಯದಕ್ಕೆ ದುಡ್ಡು ಹೋಯಿತು. ಆನ್‌ಲೈನ್‌ನಲ್ಲಿ ಮರಳು ಗಡಿಯಾರ ತರಿಸಿದೆ, ಒಬ್ಬೊಬ್ಬರಿಗೆ ಒಂದು, ನನಗೊಂದು. ಒಟ್ಟು ರೂ. 1,700 ಹತ್ತಿರ. ಎಲ್ಲದರ ಮೇಲೂ 3 ನಿಮಿಷ ಅಂತ ಬರೆದಿತ್ತು. ಒಂದು ಎರಡೂವರೆಗೇ ಮುಗಿಯುತ್ತಿತ್ತು, ಇನ್ನೊಂದು ಮೂರೂವರೆಗೂ ಸುರಿಯುತ್ತಲೇ ಇತ್ತು. ಕಮರಿಗೆ ಅದು ಸರಿಯೇ ಅಂತ ಸಮಾಧಾನ ಮಾಡಿಕೊಂಡೆ. ಆದರೆ ಮರಳು ಬೀಳುವಾಗ ಕಾವೂರಿನ ತಂಗಿ ಬಾಯಿ ಬಿಡುವುದೇ ನಿಲ್ಲಿಸಿದಳು. ಅವಳು ಯೋಚಿಸಿ ಮಾತಾಡುವವಳು. ಬ್ಯಾಂಕಿನವಳು ನೇರವಾಗಿಯೇ ಹೇಳಿದಳು, "ನಮಗೆ ಆಫೀಸಿನಲ್ಲಿ ಇದೇ ಉಂಟು, ರಾತ್ರಿಗೂ ಬೇಕಾ?" ಮರಳು ಓಡಿಸುವುದು ನಮ್ಮ ಚಾವಡಿಯ ಹೊತ್ತನ್ನು. ಕಮರಿಯ ಹೊತ್ತು ಅದರಲ್ಲಿ ಎಲ್ಲೂ ಇಲ್ಲ. ಈ ಮರಳು ಗಡಿಯಾರದ ಸಲಹೆ ಇನ್ನೂ ಹಲವರು ಕೊಡುತ್ತಾರೆ, ಕೊಡುವವರು ಯಾರೂ ಆಡಿಸಿ ನೋಡಿದವರಲ್ಲ ಅಂತ ನನ್ನ ಅಂದಾಜು. ಬೇಕಾದವರು ಹೇಳಿ, ಅರ್ಧ ಬೆಲೆಗೆ ಕೊಡುತ್ತೇನೆ.

ಎರಡು ಕೋಣೆಯ ಪ್ರಯೋಗವೂ ಆಯಿತು. ಕಮರಿಯೊಳಗೆ ಇಳಿದವರು ಚಾವಡಿಯಲ್ಲಿ, ಮೇಲೆ ಉಳಿದವರು ಮಾಳಿಗೆಯಲ್ಲಿ. ನಾನು ಮೆಟ್ಟಿಲು ಹತ್ತಿ ಇಳಿದು ಸುದ್ದಿ ಒಯ್ಯುವುದು. ಕೇಳುವುದಕ್ಕೆ ಚಂದ. ಗೋಳಿಬಜೆ ಪಾತ್ರೆ ಮಾಳಿಗೆಯಲ್ಲಿತ್ತು. ಕೆಳಗಿನವರು ಬರುವಷ್ಟರಲ್ಲಿ ಚಟ್ನಿ ಮಾತ್ರ ಉಳಿದಿತ್ತು. ಕಾಲ ಬೇರೆ ಬೇರೆ ಓಡುತ್ತದೆ ಅನ್ನುವುದಕ್ಕೆ ಆ ರಾತ್ರಿ ಸಿಕ್ಕಿದ ಗಟ್ಟಿ ಸಾಕ್ಷಿ ಅದೊಂದೇ.

ಇನ್ನು ಕಮರಿಯ ಮಾಡೆಲ್. ಇದನ್ನು ಹೇಳದೆ ಮುಂದೆ ಹೋಗಲಾರೆ, ಯಾಕೆಂದರೆ ಎಲ್ಲಕ್ಕಿಂತ ಜಾಸ್ತಿ ಖರ್ಚು ಇದರದ್ದೇ, ನಾಲ್ಕೂವರೆ ಸಾವಿರದ ಹತ್ತಿರ ಹೋಯಿತು. ಗಂಡಿಕೋಟದ ಫೋಟೊ ಇಟ್ಟುಕೊಂಡು ಶುರು ಮಾಡಿದೆ. ಆಂಧ್ರದ ಕಡಪ ಜಿಲ್ಲೆಯಲ್ಲಿ ಪೆನ್ನಾ ನದಿ ಕೊರೆದ ಕಮರಿ ಅದು, ಪದರ ಪದರ ಕೆಂಪು ಬಂಡೆ. ಥರ್ಮೋಕೋಲ್ ಪದರ ಅಂಟಿಸಿ, ಮೇಲೆ ಪಿಒಪಿ (ಪ್ಲಾಸ್ಟರ್ ಆಫ್ ಪ್ಯಾರಿಸ್) ಬಳಿದೆ. ಜುಲೈ ತಿಂಗಳ ಮಂಗಳೂರಿನಲ್ಲಿ ಪಿಒಪಿ. ವಾರ ಕಳೆದರೂ ಕೈಗೆ ತಂಪು ಹತ್ತುತ್ತಿತ್ತು. ಫ್ಯಾನ್ ಹಾಕಿದೆ, ಟೇಬಲ್ ಲ್ಯಾಂಪ್ ಇಟ್ಟೆ. ಬಣ್ಣ ಹಚ್ಚಿದ ಮೇಲೆ ಮೂಲೆಯಲ್ಲಿ ಹಸಿರು ಬೂಸ್ಟು ಬಂತು. ಅಮ್ಮ "ಪಾಚಿ ಚಂದ ಮಾಡಿದ್ದಿ" ಅಂದರು.

ಗೋಡೆಗೆ ಮಾತ್ರ ಒಳ್ಳೆಯ ಉಪಾಯ ಸಿಕ್ಕಿತು. ಮಲ್ಪೆಯಿಂದ ಸೇಂಟ್ ಮೇರೀಸ್ ದ್ವೀಪಕ್ಕೆ ಹೋದವರಿಗೆ ಗೊತ್ತು, ಲಾವಾ ತಣಿದು ಒಡೆದು ನಿಂತ ಕಂಬಗಳು, ಹೆಚ್ಚಿನವಕ್ಕೆ ಐದಾರು ಮುಖ. ಸುಮಾರು 8.8 ಕೋಟಿ ವರ್ಷದ ಹಿಂದೆ, ಮಡಗಾಸ್ಕರ್ ನಮ್ಮಿಂದ ಬೇರೆಯಾಗುವ ಕಾಲದ್ದು. ಮಳೆಗಾಲದಲ್ಲಿ ದೋಣಿ ಇರುವುದಿಲ್ಲ, ಅಳತೆ ನೋಡಿ ಬರುವ ಹಾಗಿರಲಿಲ್ಲ. ಆಗ ಹೊಳೆದದ್ದು ಪೆನ್ಸಿಲ್. ಆರು ಮುಖದ ಸಾದಾ ಪೆನ್ಸಿಲ್ ಒಂದು ಗ್ರೋಸ್, ಅಂದರೆ 144, ಸಗಟು ಅಂಗಡಿಯಲ್ಲಿ ಐನೂರರ ಒಳಗೆ ಸಿಕ್ಕಿತು. ಉದ್ದ ಗಿಡ್ಡ ಕತ್ತರಿಸಿ ಒತ್ತಿ ನಿಲ್ಲಿಸಿ ಕಪ್ಪು ಬೂದು ಬಣ್ಣ ಹೊಡೆದರೆ ಥೇಟ್ ಅದೇ ದ್ವೀಪ. ಮಾಡಿದ್ದರಲ್ಲಿ ಉಳಿದದ್ದು ಆ ಗೋಡೆ ಮಾತ್ರ. ಯಾರಾದರೂ ಕಂಬದ ಬಂಡೆ ಮಾಡುವುದಾದರೆ ಧೈರ್ಯವಾಗಿ ಪೆನ್ಸಿಲ್ ತೆಗೆದುಕೊಳ್ಳಿ. ದುಂಡಗಿನ ಪೆನ್ಸಿಲ್ ಬೇಡ, ಸಂದಿ ಬೀಳುತ್ತದೆ.

ಮಾಡೆಲ್ ಚಂದ ಇತ್ತು, ಕಾಲ ಮಾತ್ರ ಅದರಲ್ಲೂ ಇರಲಿಲ್ಲ.

ಚೆನ್ನೆಮಣೆ, ಅಂದರೆ ಗುಳಿಯಿಂದ ಗುಳಿಗೆ ಕಾಯಿ ಬಿತ್ತಿ ಆಡುವ ಮರದ ಮಣೆ, ಬಂದದ್ದು ಆಟಿಯಲ್ಲಿ, ತುಳುವರ ಮಳೆಯ ತಿಂಗಳಲ್ಲಿ. ಹೊರಗೆ ಜಡಿಮಳೆ, ಕರೆಂಟ್ ಇಲ್ಲ, ಅಮ್ಮ ಅಟ್ಟದಿಂದ ಮಣೆ ಇಳಿಸಿ ಪಕ್ಕದ ಮನೆಯವರ ಜೊತೆ ಆಡುತ್ತಾ ಕೂತಿದ್ದರು. ನಾವು ಟೇಬಲಿನ ಈ ತುದಿ, ಅವರು ಆ ತುದಿ. ಅಮ್ಮ ಗುಳಿಯಿಂದ ಕಾಯಿ ಎತ್ತುವ ಮೊದಲು ಒಂದು ಕ್ಷಣ ಕಣ್ಣಲ್ಲೇ ಎಣಿಸುತ್ತಾರೆ. ಕೊನೆಯ ಕಾಯಿ ಎಲ್ಲಿ ಬೀಳುತ್ತದೆ ಅಂತ ಎತ್ತುವ ಮೊದಲೇ ಗೊತ್ತು. ನಮ್ಮ ಕಡೆ ಆ ನೋಟ ಯಾರ ಮುಖದಲ್ಲೂ ಇರಲಿಲ್ಲ. ನನಗೆ ಬೇಕಿದ್ದದ್ದು ಅದೇ. ಮುಂದಿನ ಸಲ ಮಣೆಯನ್ನೇ ನಮ್ಮ ತುದಿಗೆ ಎಳೆದುಕೊಂಡೆ.

ನಿಯಮ ಇಷ್ಟೇ. ಮಣೆಯಲ್ಲಿ 14 ಗುಳಿ. ಒಂದೊಂದು ಗುಳಿಗೂ ಮೇಲಿನ ಲೋಕದ ಒಂದೊಂದು ಸಂಗತಿ. ಊರಿನ ಕೆರೆ, ಆ ಮುದುಕ ತಮ್ಮ, ಒಬ್ಬ ಪಾತ್ರಧಾರಿಯ ತಾಯಿ, ಇನ್ನೊಬ್ಬನ ಸಾಲ, ಶತ್ರುವಿನ ಕೋಟೆ, ಹೀಗೆ. ಮಂಜೊಟ್ಟಿ ಕಾಯಿ, ಅಂದರೆ ಮರದ ಕೆಂಪು ಬೀಜ, 56, ಎಂದಿನ ಹಾಗೆ, ಆದರೆ ಗುಳಿಗೆ ನಾಲ್ಕರಂತೆ ತುಂಬಿಡುವುದಿಲ್ಲ. ಎಲ್ಲ ಒಂದು ತೆಂಗಿನ ಗೆರಟೆಯಲ್ಲಿ (ಕರಟದಲ್ಲಿ) ಇರುತ್ತದೆ. ಒಂದು ಕಾಯಿ ಅಂದರೆ ಮೇಲೆ ಒಂದು ತಿಂಗಳು. ಕಮರಿಯಲ್ಲಿ ಯಾರೇ ಏನೇ ಕೆಲಸ ಮಾಡಲಿ, ಹಗ್ಗ ಕಟ್ಟಲಿ, ಜಗಳವಾಡಲಿ, ಸುಮ್ನೆ ಕೂರಲಿ, ಅವರಿರುವ ಹಂತಕ್ಕೆ ತಕ್ಕಷ್ಟು ಕಾಯಿಯನ್ನು ಅವರೇ ಗೆರಟೆಯಿಂದ ತೆಗೆದು ಹಿಂದಿನವರು ಬಿಟ್ಟಲ್ಲಿಂದ ಬಲಕ್ಕೆ ಒಂದೊಂದೇ ಬಿತ್ತಬೇಕು. ಯಾವುದೇ ಗುಳಿಯಲ್ಲಿ ನಾಲ್ಕು ಕೂಡಿದರೆ ನಾನು ಅದನ್ನು ತೆಗೆಯುತ್ತೇನೆ, ಗೆರಟೆಗೆ ಹಾಕುತ್ತೇನೆ, ಆ ಸಂಗತಿ ಒಂದು ಮೆಟ್ಟಿಲು ಬದಲಾಗುತ್ತದೆ. ಕೆರೆ ಬತ್ತುತ್ತದೆ. ತಾಯಿಗೆ ಕಣ್ಣು ಕಾಣುವುದಿಲ್ಲ. ಸಾಲಗಾರನ ಮಗ ಮನೆಗೆ ಬರುತ್ತಾನೆ.

ಇಷ್ಟರಲ್ಲಿ ಎಲ್ಲ ಉಂಟು. ಎಕ್ಸೆಲ್ ಬೇಡ, ನಾನು ಲೆಕ್ಕ ಇಡಬೇಕಾಗಿಲ್ಲ. ಕಾಯಿ ಮುಗಿದುಹೋಗುವ ಭಯವೂ ಇಲ್ಲ. ಒಂದು ಗುಳಿಯಲ್ಲಿ ಮೂರಕ್ಕಿಂತ ಜಾಸ್ತಿ ನಿಲ್ಲುವುದಿಲ್ಲ, ಹಾಗಾಗಿ ಮಣೆಯ ಮೇಲೆ ಹೆಚ್ಚೆಂದರೆ 42, ಗೆರಟೆಯಲ್ಲಿ ಕಡಿಮೆ ಅಂದರೂ 14 ಇದ್ದೇ ಇರುತ್ತದೆ. ಮುಖ್ಯವಾದದ್ದು, ಬಿತ್ತುವುದು ಅವರ ಕೈ. "ನಿನ್ನ ತಾಯಿ ಕುರುಡಾದರು" ಅಂತ ನಾನು ಹೇಳುವುದು ಬೇರೆ, ನಾಲ್ಕನೇ ಕಾಯಿಯನ್ನು ಆ ಗುಳಿಗೆ ಅವರೇ ಹಾಕುವುದು ಬೇರೆ.

ಹಂತದ ಲೆಕ್ಕ ಕೂರಿಸಲು ಸ್ವಲ್ಪ ಒದ್ದಾಟ ಆಯಿತು. ಎಲ್ಲರಿಗೂ ಮೊದಲು ಹೊಳೆಯುವುದು ದುಪ್ಪಟ್ಟು. 1, 2, 4, 8, 16, 32, 64. ತಳದಲ್ಲಿ ಒಂದು ಕೆಲಸಕ್ಕೆ 64 ಕಾಯಿ. 14 ಗುಳಿಗೆ ಹಂಚಿದರೆ ಪ್ರತಿ ಗುಳಿಗೂ ನಾಲ್ಕು ಬಿದ್ದೇ ಬೀಳುತ್ತದೆ. ಅಂದರೆ ಎಲ್ಲ ಸಂಗತಿಯೂ ಒಟ್ಟಿಗೇ ಬದಲಾಗುತ್ತದೆ, ಆಟಗಾರರಿಗೆ ಯೋಚಿಸಲು ಏನೂ ಉಳಿಯುವುದಿಲ್ಲ. ಮೇಲಾಗಿ 64 ಕಾಯಿ ಬಿತ್ತಿ ಮುಗಿಸುವಷ್ಟರಲ್ಲಿ ಚಾ ತಣಿಯುತ್ತದೆ. ಹಾಗಾಗಿ 1, 2, 3, 5, 8, 13, 21 ಮಾಡಿದೆ. ತಳದಲ್ಲಿ 21 ಅಂದರೆ ಪ್ರತಿ ಗುಳಿಗೆ ಒಂದು, ಏಳು ಗುಳಿಗೆ ಎರಡು. ಯಾವ ಏಳು ಅನ್ನುವುದು ಎಲ್ಲಿಂದ ಶುರು ಮಾಡುತ್ತೀರಿ ಅನ್ನುವುದರ ಮೇಲೆ. ಅಲ್ಲಿ ಆಟ ಹುಟ್ಟುತ್ತದೆ. ಇದು ಫಿಬೊನಾಚಿ ಸಾಲು, ಹಿಂದಿನ ಎರಡನ್ನು ಕೂಡಿದರೆ ಮುಂದಿನದು, ನನ್ನ ಶೋಧ ಏನಲ್ಲ. ಆದರೆ ಮಣೆಗೆ ಇಷ್ಟು ಸರಿಯಾಗಿ ಕೂರುತ್ತದೆ ಅಂತ ಕಂಡವನು ನಾನೇ, ಅಷ್ಟು ಹೆಮ್ಮೆ ಉಂಟು.

ಫಿಸಿಕ್ಸ್ ಸರ್ ಒಂದು ದಿನ ತಕರಾರು ತೆಗೆದರು. ಆಳಕ್ಕೆ ಹೋದರೆ ಗಡಿಯಾರ ನಿಧಾನ ಆಗುವುದು ನಿಜವೇ, 2010ರಲ್ಲಿ ಅಮೆರಿಕದಲ್ಲಿ ಎರಡು ಪರಮಾಣು ಗಡಿಯಾರ ಇಟ್ಟು 33 ಸೆಂಟಿಮೀಟರ್ ಎತ್ತರದ ವ್ಯತ್ಯಾಸಕ್ಕೇ ಅದನ್ನು ಅಳೆದಿದ್ದಾರೆ, ಆದರೆ ಒಂದು ಕಿಲೋಮೀಟರ್ ಆಳದ ಕಮರಿಯಲ್ಲಿ ವರ್ಷವಿಡೀ ಕೂತರೂ ಉಳಿಯುವುದು ಮೂರು ಮೂರೂವರೆ ಮೈಕ್ರೋಸೆಕೆಂಡ್ ಅಂದರು. ಜಿಪಿಎಸ್ ಉಪಗ್ರಹದ ಗಡಿಯಾರ ನಮ್ಮದಕ್ಕಿಂತ ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ, ಅದನ್ನು ಸರಿ ಮಾಡದಿದ್ದರೆ ಮ್ಯಾಪ್ ನಿಮ್ಮನ್ನು ಬಿಜೈಯ ಬದಲು ಸಮುದ್ರಕ್ಕೆ ಇಳಿಸುತ್ತದೆ, ಅದರ ಮುಂದೆ ನಿನ್ನ ಕಮರಿ ಎಂತದ್ದು, ನಿನ್ನ ಲೆಕ್ಕದ ಹಾಗೆ ನಿಧಾನ ಆಗಬೇಕಾದರೆ ಇಳಿದವರು ಅಲ್ಲೇ ಜಜ್ಜಿ ಹೋಗಬೇಕು ಅಂತ ಉದ್ದಕ್ಕೆ ಹೇಳಿದರು. ಎಲ್ಲ ಕೇಳಿ ಬ್ಯಾಂಕಿನವಳು "ಸರ್, ನೀವು ಮಾತಾಡಿದ್ದು ಆರನೇ ಹಂತದಲ್ಲಿ, 13 ಕಾಯಿ ಹಾಕಿ" ಅಂದಳು. ಅವರು ಹಾಕಿದರು. ಆವತ್ತೇ ನನಗೆ ಗೊತ್ತಾಯಿತು, ಇದು ನಡೆಯುತ್ತದೆ ಅಂತ.

ಒಂದು ರಾತ್ರಿಯ ಆಟ ಸ್ವಲ್ಪ ವಿವರವಾಗಿ ಹೇಳುತ್ತೇನೆ. ಹುಡುಗ ಐದನೇ ಹಂತದಲ್ಲಿ ಇದ್ದಾನೆ, ಅಂದರೆ ಒಂದು ಕೆಲಸಕ್ಕೆ 8 ಕಾಯಿ. ಕೊನೆಯ ಕಾಯಿ ಬಿದ್ದದ್ದು 9ನೇ ಗುಳಿಗೆ. ಕಾವೂರಿನ ಅಕ್ಕ ಇಳಿದು ಎತ್ತುತ್ತೇನೆ ಅಂದಳು, ಡೈಸ್ ಕೈಯಲ್ಲಿತ್ತು. ತಂಗಿ, ಅದೇ ಮಾತಾಡದ ತಂಗಿ, "ನಿಲ್ಲು" ಅಂದಳು. 10ರಿಂದ ಬಿತ್ತಿದರೆ 14ಕ್ಕೆ ಐದು ಕಾಯಿ ಮುಗಿಯುತ್ತದೆ, ಮತ್ತೆ 1, 2, ಎಂಟನೆಯದು 3ಕ್ಕೆ. 3ನೇ ಗುಳಿ ಬ್ಯಾಂಕಿನವಳ ಪಾತ್ರದ ತಾಯಿಯದ್ದು, ಅದರಲ್ಲಿ ಆಗಲೇ ಮೂರು ಕಾಯಿ ಕೂತಿತ್ತು. ಟೇಬಲ್ ಗಪ್‌ಚಿಪ್. ಯಾರಾದರೂ ಮೇಲಿನ ಹಂತದಲ್ಲಿ ಒಂದು ಸಣ್ಣ ಕೆಲಸ ಮಾಡಿ ಕಾಯಿ ಸರಿಸಿದರೆ ಹೇಗೆ ಅಂತ ಸುರತ್ಕಲ್ ಹುಡುಗ ಕೇಳಿದ. 11ರಿಂದ ಎಂಟು ಅಂದರೂ 3ನ್ನು ದಾಟಿಯೇ ಹೋಗುತ್ತದೆ, ಆಗುವುದಿಲ್ಲ ಅಂದರು ಸರ್. ಕೊನೆಗೆ ಐದಕ್ಕೆ ಇಳಿಯದೆ ನಾಲ್ಕರಿಂದಲೇ ಹಗ್ಗ ಬಿಡುವುದು ಅಂತಾಯಿತು. ಖರ್ಚು 5 ಕಾಯಿ, 14ಕ್ಕೆ ನಿಲ್ಲುತ್ತದೆ. ಆದರೆ ಹೆದರಿದ ಹುಡುಗ ತಾನೇ ಹಗ್ಗ ಹಿಡಿಯಬೇಕು, ಹಾಗಾಗಿ ಡೈಸ್ ಎರಡು ಸಲ ಹಾಕಿ ಕಡಿಮೆ ಬಿದ್ದದ್ದನ್ನೇ ಇಟ್ಟುಕೊಳ್ಳಬೇಕು ಅಂದೆ. ಒಪ್ಪಿದರು. 11, 14 ಬಿತ್ತು. 11 ಸಾಕಾಯಿತು, ಹುಡುಗ ಬದುಕಿದ.

ತಾಯಿಯ ಗುಳಿ ತಪ್ಪಲಿಲ್ಲ, ಮುಂದಕ್ಕೆ ಹೋಯಿತು ಅಷ್ಟೆ. ಹತ್ತಿ ಬರುವಾಗ ಬ್ಯಾಂಕಿನವಳೇ ಆ ಕಾಯಿ ಹಾಕಬೇಕಾಗಿ ಬಂತು. ಈ ಮಾತುಕತೆ ಕಾಲು ಗಂಟೆಯಾದರೂ ನಡೆಯಿತು. ನಾನು ಅಷ್ಟು ಹೊತ್ತು ಬಾಯಿ ತೆರೆಯಲಿಲ್ಲ, ಯಾರೂ ಮೊಬೈಲ್ ಮುಟ್ಟಲಿಲ್ಲ. ಗೇಮ್ ನಡೆಸುವವರಿಗೆ ಇದು ಎಂತಹ ಸುಖ ಅಂತ ಬಿಡಿಸಿ ಹೇಳಬೇಕಾಗಿಲ್ಲ, ಅಲ್ವಾ?

ಹಿಂದಕ್ಕೆ ಓಡುವ ಕಾಲವನ್ನೂ ಪ್ರಯತ್ನಿಸಿದೆ. ಮೂರನೇ ಹಂತದಲ್ಲಿ ಒಂದು ತಿರುವು, ಅಲ್ಲಿ ಕೆಲಸ ಮಾಡಿದರೆ ಕಾಯಿ ಬಿತ್ತುವ ಬದಲು ಎಡಕ್ಕೆ ಒಂದೊಂದೇ ಹೆಕ್ಕಬಹುದು. ಮೊದಲ ರಾತ್ರಿಯೇ ಎಲ್ಲರೂ ಆ ತಿರುವಿನಲ್ಲಿ ಚಾಪೆ ಹಾಸಿ ಕೂತರು. ಹೆಕ್ಕಿದ್ದೇ ಹೆಕ್ಕಿದ್ದು. ಕೆರೆ ತುಂಬಿತು, ಎತ್ತು ಎದ್ದು ನಿಂತವು. ಹಾಗಾದರೆ ಕಮರಿಗೆ ಬೆಲೆ ಏನು? ಎರಡನೇ ಸಲಕ್ಕೆ ಒಂದು ಷರತ್ತು ಹಾಕಿದೆ. ಒಂದು ಕಾಯಿ ಹೆಕ್ಕಬೇಕಾದರೆ ನಿಮ್ಮ ಪಾತ್ರದ ವಿವರ ಬರೆದ ಹಾಳೆಯಿಂದ ಒಂದು ಸಾಲು ಪೆನ್ನಿನಲ್ಲಿ ಹೊಡೆದು ಹಾಕಬೇಕು, ಆ ಪಾತ್ರಕ್ಕೆ ಅದು ಮರೆತುಹೋಗುತ್ತದೆ. ಸುರತ್ಕಲ್ ಹುಡುಗ ಬುದ್ಧಿವಂತಿಕೆ ಮಾಡಿ "ಇಷ್ಟದ ತಿಂಡಿ" ಅನ್ನುವ ಸಾಲು ಹೊಡೆದ. ಕಾವೂರಿನ ಅಕ್ಕ ತನ್ನ ಪಾತ್ರದ ಊರಿನ ಹೆಸರು ಹೊಡೆದಳು, ಆಮೇಲೆ ಮೇಲೆ ಬಂದು ಯಾವ ದಾರಿ ಹಿಡಿಯಬೇಕು ಅಂತ ಅವಳಿಗೆ ಗೊತ್ತಿಲ್ಲ. ಹೀಗೆ ಬರೆಸಿ ಹೊಡೆಸುವುದು ಚೆನ್ನಾಗಿ ಕೆಲಸ ಮಾಡುತ್ತದೆ. ಪೆನ್ಸಿಲ್ ಕೊಡಬೇಡಿ, ಅದು ಗೋಡೆಗೆ ಇರಲಿ.

ಆ ಅಕ್ಕ-ತಂಗಿಯ ವಿಷಯದಲ್ಲಿ ಇನ್ನೊಂದು. ಅಮ್ಮ ಅವರಿಬ್ಬರನ್ನು ಮಣೆಯ ಎದುರುಬದುರು ಕೂರಲು ಬಿಡುವುದಿಲ್ಲ. ಅಬ್ಬಗ-ದಾರಗ ಕತೆ ಇಲ್ಲಿಯವರಿಗೆ ಹೇಳಬೇಕಾಗಿಲ್ಲ. ತುಳುವಿನ ಹಾಡುಕತೆ ಸಿರಿ ಪಾಡ್ದನದ ಅವಳಿ ಅಕ್ಕ-ತಂಗಿ, ಚೆನ್ನೆ ಆಡುತ್ತಾ ಜಗಳ ಬಂದು ಒಬ್ಬಳು ಇನ್ನೊಬ್ಬಳಿಗೆ ಮಣೆಯಲ್ಲೇ ಹೊಡೆದು, ಇಬ್ಬರೂ ಉಳಿಯಲಿಲ್ಲ. ಹಾಗಾಗಿ ನಮ್ಮಲ್ಲಿ ಅವರು ಒಂದೇ ಬದಿಗೆ ಕೂರುತ್ತಾರೆ. ಅದರಿಂದ ಒಂದು ಲಾಭ ಆಯಿತು. ಇಬ್ಬರೂ ಪಿಸುಗುಟ್ಟಿ ಒಟ್ಟಿಗೆ ಎಣಿಸುತ್ತಾರೆ, ಉಳಿದವರಿಗಿಂತ ಎರಡು ಹೆಜ್ಜೆ ಮುಂದೆ. ಅಮ್ಮನ ಲೆಕ್ಕದಲ್ಲಿ ಚೆನ್ನೆ ಆಟಿಗೆ ಮಾತ್ರ, ಆಟಿ ಕಳೆದ ಮೇಲೂ ಮಣೆ ಹೊರಗಿದ್ದದ್ದಕ್ಕೆ ಅವರ ಅಸಮಾಧಾನ ಬೇರೆ. ಅದಕ್ಕೇ ಉಡುಪಿಯಲ್ಲಿ ಬೇರೆ ಮಣೆ ತೆಗೆದುಕೊಂಡೆ, ಒಂಬೈನೂರೋ ಸಾವಿರವೋ ಕೊಟ್ಟ ನೆನಪು. ಹಲಸಿನದ್ದು ಅಂದರು, ನನಗೆ ನಂಬಿಕೆ ಇಲ್ಲ. ಅದು ಆಟದ ಮಣೆ, ಮನೆಯ ಮಣೆ ಅಟ್ಟಕ್ಕೆ ಹೋಯಿತು. ಅಮ್ಮನಿಗೆ ಕಮರಿಯ ಕತೆ ವಿವರಿಸಿದಾಗ ಪೂರ್ತಿ ಕೇಳುವ ಮೊದಲೇ "ಕಕುದ್ಮಿ ರಾಜನದ್ದು ಹೇಳು" ಅಂದರು. ಮಗಳು ರೇವತಿಗೆ ವರ ಕೇಳಲು ಬ್ರಹ್ಮನ ಸಭೆಗೆ ಹೋಗಿ, ಅಲ್ಲಿ ಗಾಯನ ಮುಗಿಯಲಿ ಅಂತ ಸ್ವಲ್ಪ ಕಾದು, ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದುಹೋಯಿತಲ್ಲ, ಅದು. ರೇವತಿಗೆ ಕೊನೆಗೆ ಬಲರಾಮ ಸಿಕ್ಕಿದ. ಯಕ್ಷಗಾನ ನೋಡಿ ಬೆಳೆದವರಿಗೆ ನನ್ನ ಕಮರಿಯಲ್ಲಿ ಹೊಸತೇನಿಲ್ಲ. ಅಲ್ಲಿಂದ ಒಬ್ಬ ರಾಜನನ್ನು ಎತ್ತಿಕೊಂಡೆ. ಏಳನೇ ಹಂತದಲ್ಲಿ ಕೂತಿದ್ದಾನೆ, ಹೆಸರು ಹೇಳಿ ಬಂಧುಗಳನ್ನು ವಿಚಾರಿಸುತ್ತಾನೆ, ಆ ಹೆಸರಿನವರು ಯಾರೂ ಇಲ್ಲ.

ಈಗ ಗುಲಗಂಜಿ. ಗೆರಟೆಯಲ್ಲಿ 56 ಮಂಜೊಟ್ಟಿಯ ಜೊತೆ ಮೂರು ಗುಲಗಂಜಿಯೂ ಇರುತ್ತದೆ. ಕೆಂಪಿನ ಮೇಲೆ ಕಪ್ಪು ಚುಕ್ಕಿ, ಗೆರಟೆಗೆ ಕೈ ಹಾಕುವಾಗ ನೋಡಬಾರದು ಅನ್ನುವುದು ನಿಯಮ. ಕೈಗೆ ಗುಲಗಂಜಿ ಬಂದರೆ ಒಂದು ಸಂಗತಿ ನಡೆಯುತ್ತದೆ. ಏನು ಅಂತ ಬರೆಯುವುದಿಲ್ಲ. ಮೂರಕ್ಕೂ ಒಂದೇ ಪರಿಣಾಮ ಅಲ್ಲ ಅಂತ ಮಾತ್ರ ಹೇಳಬಲ್ಲೆ, ನನ್ನ ಐದು ಜನಕ್ಕೆ ಅದೂ ಇನ್ನೂ ಗೊತ್ತಿಲ್ಲ, ಈಗ ಗೊತ್ತಾಯಿತು. ಹಿಂದೆ ಅಕ್ಕಸಾಲಿಗರು ಎರಡನ್ನೂ ತೂಕಕ್ಕೆ ಬಳಸುತ್ತಿದ್ದರು, ಗುಲಗಂಜಿ ಮಂಜೊಟ್ಟಿಯ ಅರ್ಧದಷ್ಟೇ ತೂಗುತ್ತದೆ, ಗಾತ್ರವೂ ಚಿಕ್ಕದು. ಬ್ಯಾಂಕಿನವಳು ಬೆರಳಲ್ಲೇ ಗುರುತಿಸಿ ಬಿಟ್ಟುಬಿಡುತ್ತಿದ್ದಳು. ಅದಕ್ಕೂ ಒಂದು ಮದ್ದು ಕಂಡುಕೊಂಡಿದ್ದೇನೆ, ಅದನ್ನೂ ಹೇಳುವುದಿಲ್ಲ. ಒಂದು ಮಾತು ಮಾತ್ರ ತಮಾಷೆಯಲ್ಲ, ಗುಲಗಂಜಿ ವಿಷ. ಕಡಿದು ನುಂಗಿದರೆ ಜೀವಕ್ಕೆ ಅಪಾಯ. ಮನೆಯಲ್ಲಿ ಸಣ್ಣ ಮಕ್ಕಳಿದ್ದರೆ ಬದಲಿಗೆ ಬಣ್ಣದ ಮಣಿ ಹಾಕಿ. ನಾನು ಆಟ ಮುಗಿದ ಕೂಡಲೇ ಎಣಿಸಿ ಡಬ್ಬಿಗೆ ಹಾಕಿ ಕಪಾಟಿನಲ್ಲಿಡುತ್ತೇನೆ.

ಸುದ್ದಿ ಹಬ್ಬಿದ ಮೇಲೆ ಒಂದು ಕಾಲೇಜಿನ ಫೆಸ್ಟಿಗೆ ಕರೆದರು. ನಾಲ್ಕು ಟೇಬಲ್, ನಾಲ್ಕು ಮಣೆ. ಮಣೆ ಸಾಲದೆ ದಪ್ಪ ರಟ್ಟಿನ ಮೇಲೆ ಐಸ್‌ಕ್ರೀಮ್ ಕಪ್ಪು ಅಂಟಿಸಿ ಮೂರು ತಯಾರಿಸಿದೆ, ಇನ್ನೂರು ಮುನ್ನೂರರ ಒಳಗೆ ಆಯಿತು. ಬಡವರ ಚೆನ್ನೆಮಣೆ. ಶಬ್ದ ಮಾತ್ರ ಬರುವುದಿಲ್ಲ, ಮರದ ಗುಳಿಗೆ ಕಾಯಿ ಬಿದ್ದಾಗ ಬರುವ ಟಕ್ ಇಲ್ಲದೆ ಅರ್ಧ ಭಯ ಹೋಗುತ್ತದೆ. ಆದರೂ ಹುಡುಗರು ಊಟಕ್ಕೂ ಏಳಲಿಲ್ಲ. ಎರಡು ಸಾವಿರ ಮತ್ತು ಹೋಗಿ ಬರುವ ಖರ್ಚು ಕೊಡುತ್ತೇವೆ ಅಂದಿದ್ದರು. ಒಂದು ಶಾಲು, ಒಂದು ಮೊಮೆಂಟೊ ಸಿಕ್ಕಿತು. ದುಡ್ಡು ಬಿಲ್ ಆಗಬೇಕಂತೆ, ಇನ್ನೂ ಆಗುತ್ತಾ ಉಂಟು. ಆಡಿಸಲು ಕರೆದರೆ ಮೊದಲೇ ಅಡ್ವಾನ್ಸ್ ತೆಗೆದುಕೊಳ್ಳಿ.

ಕೇಳುವವರಿಗೆ ಕೊನೆಯದಾಗಿ ಒಂದೆರಡು. ಐದು ಜನಕ್ಕೆ ಇದು ಸರಿಯಾಗುತ್ತದೆ, ಆರು ಆದರೂ ನಡೆಯುತ್ತದೆ. ಅದಕ್ಕಿಂತ ಜಾಸ್ತಿಯಾದರೆ ಒಂದು ಸುತ್ತು ಬರುವಷ್ಟರಲ್ಲಿ ಮಣೆ ಎರಡು ಸಲ ತುಂಬಿ ಖಾಲಿಯಾಗುತ್ತದೆ, ಎಣಿಸುವ ಆಸೆ ಯಾರಿಗೂ ಉಳಿಯುವುದಿಲ್ಲ. ಎರಡು ಮಣೆ ಜೋಡಿಸಿ 28 ಗುಳಿ ಮಾಡಿ ನೋಡುತ್ತಿದ್ದೇನೆ, ತಳದ 21ನ್ನು 34 ಮಾಡಬೇಕೋ ಬೇಡವೋ ಅಂತ ಇನ್ನೂ ತೀರ್ಮಾನ ಆಗಿಲ್ಲ. ಮಂಜೊಟ್ಟಿಗೆ ದುಡ್ಡು ಕೊಡಬೇಡಿ. ಯಾವುದಾದರೂ ಹಳೆಯ ಮರದ ಬುಡದಲ್ಲಿ ಬೇಸಗೆಯಲ್ಲಿ ಕೋಡು ಒಡೆದು ಬಿದ್ದಿರುತ್ತದೆ, ಒಂದು ಚೀಲ ಹೆಕ್ಕಿ ತಂದರೆ ವರ್ಷಗಟ್ಟಲೆ ಹಾಳಾಗುವುದಿಲ್ಲ. ನನ್ನ ಹತ್ತಿರ ಹೆಚ್ಚುವರಿ ಉಂಟು, ಬಿಜೈ ಕಡೆ ಬಂದರೆ ಕೊಡುತ್ತೇನೆ. ಮರಳು ಗಡಿಯಾರವನ್ನೂ ತೆಗೆದುಕೊಂಡು ಹೋಗಬೇಕು ಅನ್ನುವ ಷರತ್ತಿನ ಮೇಲೆ.